ಮಂಗಳೂರಿನಲ್ಲಿ ಕಾಲೇಜು ಫುಟ್ಬಾಲ್ ತಂಡ ಸೇರಿದರೆ ವರ್ಷ ಹೇಗೆ ಸಾಗುತ್ತದೆ?

ನಿಮ್ಮ ಮಗ ಹಾವೇರಿಯಿಂದ ಬಂದು ಮಂಗಳೂರಿನಲ್ಲಿ ಬಿ.ಕಾಂ. ಸೇರುತ್ತಿದ್ದಾನೆ, ಕಾಲೇಜಿನ ಫುಟ್ಬಾಲ್ ತಂಡಕ್ಕೆ ಆಡಬೇಕೆಂದು ಹಟ ಹಿಡಿದಿದ್ದಾನೆ, ಓದು ಕೆಡುತ್ತದೋ ಏನೋ ಎಂಬ ಚಿಂತೆ ನಿಮ್ಮದು. ಒಂದು ಸೀಸನ್ ಅಂದರೆ ಏನೇನಿರುತ್ತದೆ, ಮುಂದೆ ದಾರಿ ಇದೆಯೇ ಎಂದು ಕೇಳಿದ್ದೀರಿ. ನಾನು ಇಲ್ಲಿ ಡಿಗ್ರಿ ಓದುವಾಗ ಕಾಲೇಜು ತಂಡಕ್ಕೆ ಲೆಫ್ಟ್ ಬ್ಯಾಕ್ ಆಡಿದವನು. ಈಗಲೂ ಸಂಜೆ ಬಿಡುವಾದರೆ ಹುಡುಗರ ಪ್ರಾಕ್ಟೀಸಿಗೆ ಹೋಗುತ್ತೇನೆ. ಸೇರಲಿ ಅಂತಲೇ ಹೇಳುತ್ತೇನೆ. ಆದರೆ ಇಲ್ಲಿ ಮ್ಯಾಚುಗಳು ಕಡಿಮೆ, ಮಳೆಯಲ್ಲಿ ನೆನೆಯುವ ಸಂಜೆಗಳು ಜಾಸ್ತಿ. ಅದು ಅವನಿಗೂ ನಿಮಗೂ ಮೊದಲೇ ಗೊತ್ತಿರಲಿ.

ಮಂಗಳೂರಿಗೆ ವರ್ಷಕ್ಕೆ 3,500 ಮಿಲಿಮೀಟರಿಗೂ ಹೆಚ್ಚು ಮಳೆ, ಅದರಲ್ಲಿ ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್‌ವರೆಗೆ. ಹಾವೇರಿಯ ಗಟ್ಟಿ ನೆಲದಲ್ಲಿ ಆಡಿ ಬೆಳೆದ ಹುಡುಗನಿಗೆ ಇಲ್ಲಿನ ಕೆಸರು ಹೊಸದು. ಗೋಲ್ ಮುಂದೆ ಎಲ್ಲರೂ ತುಳಿದು ತುಳಿದು ಗುಂಡಿಯಾಗಿರುತ್ತದೆ, ಅಲ್ಲಿ ನೀರು ನಿಂತಿರುತ್ತದೆ. ಗೋಲ್‌ಕೀಪರಿಗೆ ಬ್ಯಾಕ್ ಪಾಸ್ ಕೊಟ್ಟರೆ ಚೆಂಡು ಆ ನೀರಿನಲ್ಲೇ ನಿಂತುಬಿಡುತ್ತದೆ, ಎದುರು ತಂಡದ ಸ್ಟ್ರೈಕರ್ ಓಡಿ ಬಂದು ಖಾಲಿ ಗೋಲಿಗೆ ಹೊಡೆಯುತ್ತಾನೆ. ಹಾಗಾಗಿ ಮಳೆಗಾಲದಲ್ಲಿ ಡಿಫೆಂಡರಿಗೆ ನಾವು ಮೊದಲು ಕಲಿಸುವುದು ಚೆಂಡನ್ನು ಎತ್ತಿ ಹೊಡೆಯುವುದನ್ನು. ನೆನೆದ ಚೆಂಡು ಕೈಯಿಂದ ಜಾರುತ್ತದೆ, ಹಿಡಿಯಲು ಹೋಗಬೇಡ, ಪಕ್ಕಕ್ಕೆ ತಳ್ಳು ಎಂದು ಗೋಲ್‌ಕೀಪರಿಗೆ ಹೇಳುತ್ತೇವೆ. ಶಾರ್ಟ್ ಪಾಸ್ ಆಡುವ ತಂಡಗಳೂ ಈ ತಿಂಗಳುಗಳಲ್ಲಿ ವಿಂಗಿನ ಕಡೆಯಿಂದ ಆಡುತ್ತವೆ, ಅಂಚಿನಲ್ಲಿ ಹುಲ್ಲು ಸ್ವಲ್ಪ ಉಳಿದಿರುತ್ತದಲ್ಲ.

ಅಕ್ಟೋಬರ್ ಹೊತ್ತಿಗೆ ಅದೇ ಮೈದಾನ ಒಣಗಿ ಕಲ್ಲಾಗುತ್ತದೆ. ಚೆಂಡು ಎರಡಾಳು ಎತ್ತರ ಪುಟಿಯುತ್ತದೆ, ನಿಲ್ಲದೆ ಲೈನ್ ದಾಟುತ್ತದೆ. ಕೆಸರಿನಲ್ಲಿ ಬಲಹಾಕಿ ಹೊಡೆದು ಅಭ್ಯಾಸವಾದ ಕಾಲಿಗೆ ಈಗ ಮೆತ್ತಗೆ ತಟ್ಟುವುದನ್ನು ಮತ್ತೆ ಕಲಿಸಬೇಕು. ನಾನು ನೋಡಿದ ಒಳ್ಳೆಯ ತಂಡಗಳು ಎಡವಿದ್ದು ಹೆಚ್ಚಾಗಿ ಈ ಬದಲಾವಣೆಯಲ್ಲಿ. ನಮ್ಮ ಪಿ.ಡಿ. ಸರ್, ಅಂದರೆ ಕಾಲೇಜಿನ ದೈಹಿಕ ಶಿಕ್ಷಣ ನಿರ್ದೇಶಕರು, ಇದನ್ನು ಚೆನ್ನಾಗಿ ಬಲ್ಲವರು. ಮಳೆ ಬಿಟ್ಟ ಮೊದಲ ವಾರ ಮ್ಯಾಚ್ ಆಡಿಸುತ್ತಲೇ ಇರಲಿಲ್ಲ. ಇಬ್ಬಿಬ್ಬರನ್ನು ಎದುರುಬದುರು ನಿಲ್ಲಿಸಿ ಬರೀ ಟ್ರ್ಯಾಪಿಂಗ್, ಬಂದ ಚೆಂಡನ್ನು ಹತೋಟಿಗೆ ತಂದು ನಿಲ್ಲಿಸುವುದು. ಬೇಸರ ಬರುವಷ್ಟು. ಅದರ ಬೆಲೆ ಮುಂದಿನ ತಿಂಗಳು ಗೊತ್ತಾಗುತ್ತಿತ್ತು.

ಮ್ಯಾಚುಗಳ ವಿಷಯ. ಸ್ವಾತಂತ್ರ್ಯ ದಿನದ ಆಸುಪಾಸಿನಲ್ಲಿ ಜಿಲ್ಲಾ ಫುಟ್ಬಾಲ್ ಅಸೋಸಿಯೇಷನ್ ನೆಹರೂ ಮೈದಾನದಲ್ಲಿ ಶಾಲಾ ಕಾಲೇಜು ತಂಡಗಳಿಗೆ ಟೂರ್ನಿ ನಡೆಸುತ್ತದೆ. ಸ್ಟೇಟ್ ಬ್ಯಾಂಕ್ ಬಸ್ ಸ್ಟ್ಯಾಂಡಿನ ಪಕ್ಕದಲ್ಲೇ ಮೈದಾನ. ಬಸ್ಸಿಗೆ ಕಾಯುವವರು, ಬಂದರಿನಲ್ಲಿ ಕೆಲಸ ಮುಗಿಸಿದವರು ಕೊಡೆ ಹಿಡಿದು ನಿಂತು ನೋಡುತ್ತಾರೆ, ಆಟ ಗೊತ್ತಿರುವವರು. ನದಿಯಾಚೆಯ ಕಸಬಾ ಬೆಂಗ್ರೆಯಂಥ ಕಡೆ ಫುಟ್ಬಾಲ್ ಮನೆಮನೆಯ ಆಟ. ಅಲ್ಲಿಂದ ಫೆರಿ ದಾಟಿ ಬರುವ ಹುಡುಗರು ಚಿಕ್ಕಂದಿನಿಂದ ಮರಳಿನಲ್ಲಿ ಆಡಿದವರು. ಅವರ ಕಾಲಿನ ಹಿಡಿತ ನೋಡಿದರೆ ನಿಮ್ಮ ಮಗ ಮೊದಲ ವಾರ ಹೆದರಬಹುದು. ಹೆದರಬೇಕಾಗಿಲ್ಲ. ಅವರ ಜೊತೆ ದಿನಾ ಆಡಿದರೆ ಅವನ ಆಟವೂ ಬೆಳೆಯುತ್ತದೆ. ತಂಡದೊಳಗೆ ತುಳು, ಬ್ಯಾರಿ, ಕೊಂಕಣಿ ಎಲ್ಲ ಓಡಾಡುತ್ತವೆ. ಅದಕ್ಕೂ ಬೇಗ ಹೊಂದಿಕೊಳ್ಳುತ್ತಾನೆ.

ಮುಖ್ಯವಾದದ್ದು ಅಂತರ ಕಾಲೇಜು ಟೂರ್ನಿ. ಮಂಗಳೂರು ವಿಶ್ವವಿದ್ಯಾನಿಲಯದ ಪರವಾಗಿ ಯಾವುದಾದರೂ ಒಂದು ಕಾಲೇಜು ಅದನ್ನು ನಡೆಸುತ್ತದೆ. ಪುತ್ತೂರು, ಉಜಿರೆ, ಮೂಡುಬಿದಿರೆ, ಉಡುಪಿ ಕಡೆಯ ತಂಡಗಳೆಲ್ಲ ಬರುತ್ತವೆ. ಮೊದಲ ಸುತ್ತುಗಳು ನಾಕೌಟ್, ಸೋತರೆ ಹೊರಗೆ. ಜೂನ್‌ನಿಂದ ಬೆವರು ಸುರಿಸಿದ್ದು ಒಂದೇ ಬೆಳಗ್ಗೆ ಟೈ ಬ್ರೇಕರಿನಲ್ಲಿ ಮುಗಿದುಹೋಗಬಹುದು. ನಮಗೂ ಹಾಗಾದ ವರ್ಷವಿದೆ. ನಮ್ಮ ಕ್ಯಾಪ್ಟನ್ನೇ ಮುಂದೆ ಹೋಗಿ ಮೊದಲ ಪೆನಾಲ್ಟಿ ತೆಗೆದ, ಗೋಲೂ ಆಯಿತು. ಕೊನೆಯ ಇಬ್ಬರದು ಹೊರಗೆ ಹೋಯಿತು. ವಾಪಸ್ ಬರುವಾಗ ಬಸ್ಸಿನಲ್ಲಿ ಆ ಇಬ್ಬರ ಪಕ್ಕದ ಸೀಟು ಯಾರೂ ಖಾಲಿ ಬಿಡಲಿಲ್ಲ. ಅಂಥ ತಂಡ ನಿಮ್ಮ ಮಗನಿಗೆ ಸಿಗಲಿ ಎಂದು ಮನಸಾರೆ ಹಾರೈಸುತ್ತೇನೆ. ಟ್ರೋಫಿಗಿಂತ ಅದು ನನಗೆ ದೊಡ್ಡದು.

ಓದಿನ ವಿಷಯ ಬೇಗ ಹೇಳಿ ಮುಗಿಸುತ್ತೇನೆ. ಪ್ರಾಕ್ಟೀಸ್ ಸಾಮಾನ್ಯವಾಗಿ ಬೆಳಗ್ಗೆ ಕ್ಲಾಸಿಗೆ ಮೊದಲು ಅಥವಾ ಸಂಜೆ. ಕಾಲೇಜಿನ ಪರವಾಗಿ ಆಡಲು ಹೋದ ದಿನಕ್ಕೆ ಹಾಜರಾತಿ ಕೊಡುತ್ತಾರೆ, ಪ್ರಾಕ್ಟೀಸಿಗೆ ಕೊಡುವುದಿಲ್ಲ. ಆದ್ದರಿಂದ 75 ಶೇಕಡಾ ಹಾಜರಾತಿಯ ಲೆಕ್ಕ ಅವನೇ ಇಟ್ಟುಕೊಳ್ಳಬೇಕು. ಇಂಟರ್ನಲ್ ಪರೀಕ್ಷೆ ಮ್ಯಾಚಿನ ದಿನವೇ ಬಂದರೆ ಅವನು ಪಿ.ಡಿ. ಸರ್ ಕೊಟ್ಟ ಪತ್ರ ಹಿಡಿದು ಮೊದಲೇ ಲೆಕ್ಚರರನ್ನು ಕಾಣಬೇಕು, ಆಮೇಲೆ ಹೋದರೆ ಕೆಲಸವಾಗುವುದಿಲ್ಲ. ಸುಸ್ತಿಗೆ ಮನೆಯವರೇ ದಾರಿ ಹುಡುಕಬೇಕು. ಹಾಸ್ಟೆಲಿನಲ್ಲಿ ಪ್ರಾಕ್ಟೀಸ್ ಮುಗಿಸಿ ಬರುವವನಿಗೆ ಊಟ ತೆಗೆದಿಡುತ್ತಾರೋ ಇಲ್ಲವೋ ಎಂದು ಸೇರಿಸುವಾಗಲೇ ವಿಚಾರಿಸಿ.

ಮುಂದಿನ ದಾರಿ: ಅಂತರ ಕಾಲೇಜು ಟೂರ್ನಿಯಲ್ಲಿ ಕಣ್ಣಿಗೆ ಬಿದ್ದವರನ್ನು ವಿಶ್ವವಿದ್ಯಾನಿಲಯದ ಟ್ರಯಲ್ಸಿಗೆ ಕರೆಯುತ್ತಾರೆ. ಆಯ್ಕೆಯಾದರೆ ದಕ್ಷಿಣ ವಲಯ ಅಂತರ ವಿಶ್ವವಿದ್ಯಾನಿಲಯ ಟೂರ್ನಿ, ಅಲ್ಲಿ ಮೊದಲ ನಾಲ್ಕರಲ್ಲಿ ಬಂದ ತಂಡಗಳಿಗೆ ಅಖಿಲ ಭಾರತ ಮಟ್ಟ. ಆಟವನ್ನೇ ನಂಬಿ ಬದುಕುವುದು ಮಂಗಳೂರಿನಲ್ಲಿ ಕಷ್ಟ, ಅದಕ್ಕೆ ಬೆಂಗಳೂರಿನ ಲೀಗಿಗೇ ಹೋಗಬೇಕು. ಹಾಗಂತ ರಾಜ್ಯದ ಫುಟ್ಬಾಲ್ ಸತ್ತಿಲ್ಲ. 2023ರ ಮಾರ್ಚ್‌ನಲ್ಲಿ ರಿಯಾದ್‌ನಲ್ಲಿ ಮೇಘಾಲಯವನ್ನು 3-2ರಿಂದ ಸೋಲಿಸಿ ಕರ್ನಾಟಕ 54 ವರ್ಷಗಳ ನಂತರ ರಾಜ್ಯ ತಂಡಗಳ ರಾಷ್ಟ್ರೀಯ ಟೂರ್ನಿಯಾದ ಸಂತೋಷ್ ಟ್ರೋಫಿ ಗೆದ್ದಿತು. ಆ ರಾತ್ರಿ ನಮ್ಮ ಹಳೆಯ ಹುಡುಗರ ವಾಟ್ಸಾಪ್ ಗ್ರೂಪಿನಲ್ಲಿ ಯಾರೂ ಮಲಗಲಿಲ್ಲ. ಆಡುತ್ತಾ ಆಡುತ್ತಾ ಕೋಚಿಂಗಿನಲ್ಲಿ ಆಸಕ್ತಿ ಬಂದರೆ ಅಖಿಲ ಭಾರತ ಫುಟ್ಬಾಲ್ ಫೆಡರೇಷನ್ (ಎಐಎಫ್ಎಫ್) ಕೊಡುವ ಆರಂಭಿಕ ಹಂತದ ಕೋಚಿಂಗ್ ಸರ್ಟಿಫಿಕೇಟ್ ಡಿ ಲೈಸೆನ್ಸ್ ಮಾಡಬಹುದು, ಇಲ್ಲಿನ ಶಾಲೆಗಳಿಗೆ ಕೋಚ್ ಬೇಕಾಗಿದ್ದಾರೆ.

ಶೂ ಒಂದು ಜೊತೆ ಸಾಕು ಅನ್ನಬೇಡಿ. ಕೆಸರಿಗೆ ಉದ್ದ ಸ್ಟಡ್ (ಶೂ ಅಡಿಯ ಗುಬಟುಗಳು), ಗಟ್ಟಿ ನೆಲಕ್ಕೆ ಗಿಡ್ಡ ಸ್ಟಡ್. ಒಣ ನೆಲದಲ್ಲಿ ಉದ್ದ ಸ್ಟಡ್ ಸಿಕ್ಕಿಕೊಂಡು ಮಂಡಿ ತಿರುಚಿ ಸೀಸನ್ನೇ ಕಳೆದುಕೊಂಡವರನ್ನು ಕಂಡಿದ್ದೇನೆ. ಶಿನ್‌ಗಾರ್ಡ್ ಇಲ್ಲದೆ ರೆಫ್ರಿ ಒಳಗೇ ಬಿಡುವುದಿಲ್ಲ. ಪಿಯುಸಿಯಲ್ಲಿ ಜಿಲ್ಲಾ ಅಥವಾ ರಾಜ್ಯ ಮಟ್ಟದಲ್ಲಿ ಆಡಿದ್ದರೆ ಆ ಸರ್ಟಿಫಿಕೇಟಿನ ಅಸಲು ಪ್ರತಿ, ಎಸ್ಸೆಸ್ಸೆಲ್ಸಿ ಅಂಕಪಟ್ಟಿ ಎರಡನ್ನೂ ತಂದಿರಲಿ, ಮತ್ತು ಅಡ್ಮಿಷನ್ ಆದ ವಾರವೇ ಪಿ.ಡಿ. ಸರ್ ಅವರನ್ನು ಕಾಣಲಿ. ತಂಡ ಕಟ್ಟುವ ಕೆಲಸ ಆಗಲೇ ಶುರುವಾಗಿರುತ್ತದೆ.