‘ಜೋರು’ ಎಂಬ ಮಾತಿನಿಂದ ಆರಂಭಿಸಿ

ಮಾನ್ಯರೇ,

‘ಪರ್ಷಿಯನ್ ಭಾಷೆ ಮತ್ತು ಅದರ ಉಪಭಾಷೆಗಳು’ ಎಂಬ ನಿಮ್ಮ ಲೇಖನವನ್ನು ಎರಡು ಬಾರಿ ಓದಿದೆ. ಈಗಿರುವ ರೂಪದಲ್ಲಿ ಅದನ್ನು ಪ್ರಕಟಿಸಲಾರೆ. ವಿಷಯ ನನಗೂ ಬಹಳ ಪ್ರಿಯವಾದುದರಿಂದ ಕಾರಣಗಳನ್ನು ಮುಚ್ಚಿಡದೆ ಬರೆಯುತ್ತಿದ್ದೇನೆ.

ತೆಹರಾನಿನ ಮಾತೇ ಶುದ್ಧ, ಅಫ್ಘಾನಿಸ್ತಾನದ ದರಿ ಮತ್ತು ತಜಿಕಿಸ್ತಾನದ ತಾಜಿಕ್ ಅದರ ಕೆಟ್ಟ ರೂಪಗಳು ಎಂದು ನೀವು ಮೊದಲ ಪುಟದಲ್ಲೇ ತೀರ್ಪು ಕೊಟ್ಟಿದ್ದೀರಿ. ಲೇಖನದ ತಳಪಾಯ ಸಡಿಲಾದದ್ದು ಇಲ್ಲಿಯೇ. ಶತಮಾನಗಳ ಹಿಂದಿನ ಪರ್ಷಿಯನ್ನಿನಲ್ಲಿ ಸಿಂಹ ‘ಶೇರ್’, ಹಾಲು ‘ಶೀರ್’. ಬರವಣಿಗೆಯಲ್ಲಿ ಎರಡೂ ಒಂದೇ, ಉಚ್ಚಾರಣೆಯಲ್ಲಿ ಬೇರೆ. ಇರಾನಿನಲ್ಲಿ ಆ ಏಕಾರ ಈಕಾರದೊಳಗೂ ಓಕಾರ ಊಕಾರದೊಳಗೂ ಕರಗಿಹೋದುದರಿಂದ ತೆಹರಾನಿನವರಿಗೆ ಇಂದು ಎರಡೂ ‘ಶೀರ್’. ಕಾಬೂಲಿನವರು ಹಳೆಯ ಭೇದವನ್ನು ಉಳಿಸಿಕೊಂಡಿದ್ದಾರೆ. ‘ಜೋರು ಮಳೆ’ ಎನ್ನುವಾಗ, ಪರ್ಷಿಯನ್ನಿನಿಂದ ಬಂದ ‘ಜೋರು’ ಪದದಲ್ಲಿ ನಾವು ಉಳಿಸಿಕೊಂಡಿರುವುದೂ ಆ ಓಕಾರವನ್ನೇ. ತೆಹರಾನಿನಲ್ಲಿ ಆ ಪದ ‘ಜೂರ್’ ಆಗಿದೆ. ನಮ್ಮ ‘ದಸ್ತಾವೇಜು’ ಅಲ್ಲಿ ‘ದಸ್ತಾವೀಜ್’. ಕನ್ನಡದ ಓದುಗನ ನಾಲಗೆಯ ಮೇಲೆಯೇ ಇರುವ ಈ ಸಾಕ್ಷ್ಯವನ್ನು ಬಿಟ್ಟು, ನೀವು ವ್ಯಾಕರಣದ ಕೋಷ್ಟಕಗಳಿಗೆ ಮೂರು ಪುಟ ಕೊಟ್ಟಿದ್ದೀರಿ.

ಗೀಲಕಿ, ಮಾಜಂದರಾನಿ, ಕುರ್ದಿ, ಬಲೂಚಿಗಳನ್ನು ಪರ್ಷಿಯನ್ನಿನ ಉಪಭಾಷೆಗಳ ಪಟ್ಟಿಗೆ ಸೇರಿಸಿರುವುದನ್ನು ಒಪ್ಪಲಾಗದು. ಅವು ಪರ್ಷಿಯನ್ನಿನ ಬಂಧುಗಳಾದ ಬೇರೆ ಇರಾನಿ ಭಾಷೆಗಳು. ತುಳುವನ್ನು ಕನ್ನಡದ ಉಪಭಾಷೆ ಎಂದರೆ ತುಳುವರಿಗೆ ಆಗುವ ನೋವನ್ನು ನೀವು ಬಲ್ಲಿರಿ. ಇರಾನಿನ ತಬ್ರೀಜ್ ನಗರದ ಅಜೆರಿ ಭಾಷೆಯಂತೂ ತುರ್ಕಿ ಕುಟುಂಬದ್ದು. ಬೀದರಿನ ಮಹಮೂದ್ ಗವಾನನನ್ನು ನೀವು ಹೆಸರಿಸಿದ್ದೀರಿ. ಅವನು ಇರಾನಿನಲ್ಲಿರುವ, ಗೀಲಕಿಯ ನಾಡಾದ ಗೀಲಾನಿನಿಂದ ಬಂದವನು, ಆದರೆ ಪತ್ರಗಳನ್ನು ಬರೆದದ್ದು ಪರ್ಷಿಯನ್ನಿನಲ್ಲಿ. ನಾಡಿನ ಮಾತು ಮತ್ತು ಬರಹದ ಭಾಷೆ ಹೇಗೆ ಬೇರೆಯಾಗಿರುತ್ತವೆ ಎಂಬುದಕ್ಕೆ ಇದಕ್ಕಿಂತ ಹತ್ತಿರದ ಉದಾಹರಣೆ ನಿಮಗೆ ಸಿಗಲಾರದು.

ತಾಜಿಕ್ ಬರಹವು ಅರಬ್ಬೀ ಲಿಪಿಯಿಂದ 1920ರ ದಶಕದ ಕೊನೆಯಲ್ಲಿ ಲ್ಯಾಟಿನ್‌ಗೆ, 1940ರ ಸುಮಾರಿಗೆ ಸಿರಿಲಿಕ್‌ಗೆ ಬದಲಾದ ಕಥೆಯನ್ನು ನೀವು ಚೆನ್ನಾಗಿ ಹೇಳಿದ್ದೀರಿ. ಆ ಭಾಗವನ್ನು ಮುಟ್ಟಬೇಡಿ. ಆದರೆ ಲಿಪಿ ಬದಲಾದುದರಿಂದಲೇ ಭಾಷೆ ಬೇರೆಯಾಯಿತೆಂಬ ಕೊನೆಯ ವಾಕ್ಯವನ್ನು ತೆಗೆಯಿರಿ. ಅಫ್ಘಾನಿಸ್ತಾನದ 1964ರ ಸಂವಿಧಾನ ‘ದರಿ’ ಎಂಬ ಹೆಸರನ್ನು ಅಧಿಕೃತಗೊಳಿಸಿದಾಗಲೂ ಬದಲಾದದ್ದು ಹೆಸರು, ಜನರ ಮಾತಲ್ಲ.

ಆಡುಮಾತು ಲೇಖನದಲ್ಲಿ ಎಲ್ಲಿಯೂ ಇಲ್ಲ ಎಂಬುದೇ ನನ್ನ ದೊಡ್ಡ ಆಕ್ಷೇಪ. ನಮ್ಮ ಹೋಟೆಲುಗಳಿಗೂ ಬಂದಿರುವ ‘ನಾನ್’ ಎಂಬ ರೊಟ್ಟಿಯನ್ನೇ ನೋಡಿ: ಪುಸ್ತಕದಲ್ಲಿ ‘ನಾನ್’, ತೆಹರಾನಿನ ಬೀದಿಯಲ್ಲಿ ‘ನೂನ್’, ತಜಿಕಿಸ್ತಾನದಲ್ಲಿ ‘ನೋನ್’ ಎಂಬುದಕ್ಕೆ ಹತ್ತಿರ. ಈ ಒಂದು ಪದ ಮಾಡುವ ಕೆಲಸವನ್ನು ನಿಮ್ಮ ಕೋಷ್ಟಕಗಳು ಮಾಡುವುದಿಲ್ಲ.

ಕೋಷ್ಟಕಗಳನ್ನು ತೆಗೆದು, ‘ಜೋರು’ ಎಂಬಲ್ಲಿಂದ ಆರಂಭಿಸಿ, ಅರ್ಧದಷ್ಟು ಉದ್ದದಲ್ಲಿ ಮತ್ತೆ ಬರೆದು ಕಳುಹಿಸಿ. ಬಂದ ಪ್ರತಿಯನ್ನು ನಾನೇ ಓದುತ್ತೇನೆ.

ಇತಿ,
ಸಂಪಾದಕ