ಚಿತ್ರ ತೆಗೆದ ಮೇಲೂ ಗರಿಗೆ ಎಣ್ಣೆ ಏಕೆ?

ಮಾನ್ಯರೇ,

ತಾಳೆಗರಿ ಹಸ್ತಪ್ರತಿಗಳನ್ನು ಕುರಿತ ನಮ್ಮ ಲೇಖನವನ್ನು ಓದಿ, ಎಲ್ಲವೂ ಡಿಜಿಟಲ್ ಚಿತ್ರಗಳಾಗುತ್ತಿರುವಾಗ ಮೂಲ ಗರಿಗಳಿಗೆ ಎಣ್ಣೆ ಸವರುವ ಸಿಬ್ಬಂದಿ ಇನ್ನೇಕೆ ಎಂದು ತಾವು ಕೇಳಿದ್ದೀರಿ. ಹಣದ ಕೊರತೆಯಿರುವ ಸಂಸ್ಥೆಗಳು ನಿಜವಾಗಿ ಎದುರಿಸಬೇಕಾದ ಪ್ರಶ್ನೆಯಿದು.

ಚಿತ್ರ ತೆಗೆಯುವ ಕೆಲಸ ಆರಂಭವಾಗುವುದೇ ಆ ಸಿಬ್ಬಂದಿಯ ಕೈಯಲ್ಲಿ. ಬಹುಕಾಲ ಬಿಚ್ಚದೆ ಇಟ್ಟ ಕಟ್ಟಿನಲ್ಲಿ ಗರಿಗಳು ಒಂದಕ್ಕೊಂದು ಅಂಟಿಕೊಂಡಿರುತ್ತವೆ; ಆತುರಪಟ್ಟು ಎಳೆದರೆ ಮೇಲ್ಪದರದೊಡನೆ ಅಕ್ಷರವೂ ಕಿತ್ತುಬರುತ್ತದೆ. ಅವನ್ನು ಒಂದೊಂದಾಗಿ ಬಿಡಿಸಿ, ಮೆದುವಾದ ಕುಂಚದಿಂದ ದೂಳು ತೆಗೆದು, ಒಂದು ಬಗೆಯ ಸುವಾಸನೆಯ ಹುಲ್ಲಿನಿಂದ ತೆಗೆದ ಸಿಟ್ರೊನೆಲ್ಲ ಎಣ್ಣೆಯನ್ನು ತೆಳುವಾಗಿ ಸವರಿ, ಒಣಗಿ ಸೆಟೆದ ಗರಿ ಮತ್ತೆ ಬಾಗುವಂತೆ ಮಾಡಬೇಕು. ಕಂಟದಿಂದ, ಅಂದರೆ ಗರಿಯ ಮೇಲೆ ಬರೆಯುವ ಚೂಪಾದ ಲೋಹದ ಕಡ್ಡಿಯಿಂದ, ಕೊರೆದ ಬರಹಕ್ಕೆ ತನ್ನದೇ ಬಣ್ಣವಿರುವುದಿಲ್ಲವಾದ್ದರಿಂದ, ದೀಪದ ಕಾಡಿಗೆಯನ್ನು ಎಣ್ಣೆಯಲ್ಲಿ ಕಲಸಿ ಹಚ್ಚಿ ಒರೆಸಿದಾಗಲೇ ಗೆರೆಗಳಲ್ಲಿ ಕಪ್ಪು ನಿಂತು ಅಕ್ಷರ ಕಾಣುತ್ತದೆ. ಎಣ್ಣೆ ಹೆಚ್ಚಾದರೆ ಗರಿ ಕಪ್ಪಾಗಿ ದೂಳು ಹಿಡಿಯುತ್ತದೆ. ಎಷ್ಟು ಸಾಕೆಂಬುದನ್ನು ಬೆರಳುಗಳು ವರ್ಷಗಳ ಅಭ್ಯಾಸದಿಂದ ಕಲಿಯುತ್ತವೆ. ಹುಳುಗಳನ್ನು ದೂರವಿಡುವ ಎಣ್ಣೆಯ ವಾಸನೆಯೂ ಕಾಲಕ್ರಮೇಣ ಆರಿಹೋಗುವುದರಿಂದ, ಇದು ಒಮ್ಮೆ ಮಾಡಿ ಮುಗಿಸುವ ಕೆಲಸವಲ್ಲ. ಉದ್ಘಾಟನೆಯಾಗಲಿ ಸಮಾರೋಪವಾಗಲಿ ಇಲ್ಲದ ಇಂಥ ದುಡಿಮೆಗೆ ನಮ್ಮ ಯೋಜನೆಗಳಲ್ಲಿ ಹಣ ಮೀಸಲಾಗುವುದು ಅಪರೂಪ ಎಂಬುದು ನನ್ನನ್ನು ಬಹಳವಾಗಿ ನೋಯಿಸುತ್ತದೆ.

ಇನ್ನು, ನಕಲೊಂದಿದ್ದರೆ ಮೂಲ ಬೇಡವೆಂಬ ಮಾತು. ಜೈನ ಆಗಮದ ವ್ಯಾಖ್ಯಾನವಾದ ಧವಲಾ ಸಿದ್ಧಾಂತ ಗ್ರಂಥದ ಪ್ರಾಚೀನ ತಾಳೆಗರಿಗಳನ್ನು, ಹಳಗನ್ನಡ ಲಿಪಿಯಲ್ಲಿರುವ ಆ ಪ್ರಾಕೃತ-ಸಂಸ್ಕೃತ ಪಾಠವನ್ನು, ಮೂಡುಬಿದಿರೆಯವರು ಶತಮಾನಗಳ ಕಾಲ ಕಾಪಾಡಿದರು, ಅದೂ ಕರಾವಳಿಯ ಮಳೆ, ತೇವಗಳ ನಡುವೆ. 1939ರಲ್ಲಿ ಮೊದಲ ಸಂಪುಟ ಅಚ್ಚಾದದ್ದು ಕಾಗದದ ಪ್ರತಿಗಳನ್ನು ಆಧರಿಸಿ. ನಕಲಿನಿಂದ ನಕಲಿಗೆ ಸಾಗುವಾಗ ತಪ್ಪುಗಳು ನುಸುಳಿದ್ದವು. ಮುಂದೆ ಪಾಠವನ್ನು ಮೂಡುಬಿದಿರೆಯ ಗರಿಗಳೊಂದಿಗೇ ತಾಳೆ ನೋಡಬೇಕಾಯಿತು. ಆ ವೇಳೆಗೆ ಗರಿಗಳು ಉಳಿದಿರದಿದ್ದರೆ ತಿದ್ದಲು ಆಧಾರವೇ ಇರುತ್ತಿರಲಿಲ್ಲ. ಚಿತ್ರವೂ ಒಂದು ನಕಲೇ. ಮಸುಕಾದ ಅಕ್ಷರವೊಂದರ ಬಗ್ಗೆ ಸಂಶಯ ಬಂದಾಗ ಗರಿಯನ್ನೇ ಬೆಳಕಿಗೆ ಹಿಡಿದು ನೋಡಬೇಕು.

ಅಜ್ಜನ ಕಾಲದ ಓಲೆಕಟ್ಟೊಂದು ತಮ್ಮ ಮನೆಯ ಅಟ್ಟದಲ್ಲಿದೆ ಎಂದೂ ಬರೆದಿದ್ದೀರಿ. ದಯವಿಟ್ಟು ಅದನ್ನು ಬಿಸಿಲಿಗಿಡಬೇಡಿ, ಒದ್ದೆ ಬಟ್ಟೆಯಿಂದ ಒರೆಸಬೇಡಿ, ಅಂಟಿರುವ ಗರಿಗಳನ್ನು ಬಿಡಿಸಲು ಹೋಗಬೇಡಿ. ಹತ್ತಿ ಬಟ್ಟೆಯಲ್ಲಿ ಸುತ್ತಿ, ಮೈಸೂರಿನ ಪ್ರಾಚ್ಯವಿದ್ಯಾ ಸಂಶೋಧನಾಲಯದಂತಹ ಸಂಸ್ಥೆಯ ಪರಿಣತರಿಗೆ ತೋರಿಸಿ. 1891ರಲ್ಲಿ ಗ್ರಂಥಾಲಯವಾಗಿ ಆರಂಭವಾದ ಆ ಸಂಸ್ಥೆಗೆ ಹೀಗೆಯೇ ಯಾರೋ ತಂದೊಪ್ಪಿಸಿದ ಗರಿಗಳಿಂದ ಆರ್. ಶಾಮಶಾಸ್ತ್ರಿಗಳು ಕೌಟಿಲ್ಯನ ಅರ್ಥಶಾಸ್ತ್ರವನ್ನು 1909ರಲ್ಲಿ ಪ್ರಕಟಿಸಿದರು.

— ಸಂಪಾದಕ