ಅಮ್ಮನ ಜೊತೆ ಕೊಚ್ಚಿಗೆ

ಪ್ರಶ್ನೆ: ಅಮ್ಮನಿಗೆ ಕೊಚ್ಚಿ ತೋರಿಸಬೇಕು. ಶುಕ್ರವಾರ, ಶನಿವಾರ ರಜೆ ಹಾಕಿದ್ದೇನೆ. ಅವರಿಗೆ ಮಂಡಿನೋವು. ಏನೇನು ನೋಡಬಹುದು?
– ತುಮಕೂರಿನ ಓದುಗರು

ಉತ್ತರ: ಮೊದಲು ರಜೆಯನ್ನು ಭಾನುವಾರ, ಸೋಮವಾರಕ್ಕೆ ಬದಲಾಯಿಸಿಕೊಳ್ಳಿ. ಮಟ್ಟಂಚೇರಿ ಅರಮನೆಗೆ ಶುಕ್ರವಾರ ರಜೆ, ಯಹೂದಿಗಳ ಪ್ರಾರ್ಥನಾ ಮಂದಿರವಾದ ಸಿನಗಾಗ್‌ಗೆ ಶನಿವಾರ. ಅಷ್ಟು ದೂರ ಹೋಗಿ ಬಾಗಿಲು ನೋಡಿ ಬರೋದು ಬೇಡ ಅಲ್ವಾ?

ಎರ್ನಾಕುಲಂನಲ್ಲಿ ಇಳಿದು ದೋಣಿಯಲ್ಲೇ ಫೋರ್ಟ್ ಕೊಚ್ಚಿಗೆ ಹೋಗಿ. ಹೈಕೋರ್ಟ್ ಜೆಟ್ಟಿಯಿಂದ ವಾಟರ್ ಮೆಟ್ರೋ ಇದೆ, ಅಮ್ಮ ಆರಾಮಾಗಿ ಕೂತು ಬರಬಹುದು. ರೂಮು ಕೂಡ ಫೋರ್ಟ್ ಕೊಚ್ಚಿಯಲ್ಲೇ ಮಾಡಿ, ಓಡಾಟ ಕಮ್ಮಿ.

ಬೆಳಗ್ಗೆಯೇ ಚೀನಾ ಬಲೆಗಳ ಹತ್ತಿರ ಹೋಗಿ. ಉದ್ದನೆಯ ಮರದ ತೊಲೆಯ ತುದಿಯಲ್ಲಿ ಬಲೆ, ಹಿಂದೆ ಹಗ್ಗಕ್ಕೆ ಕಟ್ಟಿದ ದಪ್ಪ ಕಲ್ಲುಗಳು. ನೀರಲ್ಲಿ ಮುಳುಗಿದ ಬಲೆಯನ್ನು ಆ ಕಲ್ಲುಗಳ ಭಾರದ ನೆರವಿನಿಂದ ನಾಲ್ಕೈದು ಜನ ಸೇರಿ ಮೇಲೆತ್ತುತ್ತಾರೆ. ಒಂದು ಸಲ ಎತ್ತಿ ಇಳಿಸುವುದನ್ನು ಪೂರ್ತಿ ನೋಡಿ, ಸುಮ್ನೆ ಫೋಟೋ ತೆಗೆದು ಹೊರಡಬೇಡಿ. ಅಲ್ಲಿಂದ ಸೇಂಟ್ ಫ್ರಾನ್ಸಿಸ್ ಚರ್ಚ್ ಹತ್ತಿರ. 1524ರಲ್ಲಿ ಕೊಚ್ಚಿಯಲ್ಲೇ ತೀರಿಕೊಂಡ ವಾಸ್ಕೋ ಡ ಗಾಮನನ್ನು ಮೊದಲು ಹೂಳಿದ್ದು ಇಲ್ಲೇ.

ಮಟ್ಟಂಚೇರಿಗೆ ಆಟೋ ಹಿಡಿಯಿರಿ. ಅರಮನೆಯ ಗೋಡೆಗಳ ಮೇಲಿನ ರಾಮಾಯಣದ ಚಿತ್ರಗಳು ನನಗೆ ಬಹಳ ಇಷ್ಟ, ಆದರೆ ಮೆಟ್ಟಿಲು ಹತ್ತಬೇಕು. ಅಮ್ಮನಿಗೆ ಕಷ್ಟವಾದರೆ ಬಲವಂತ ಮಾಡಬೇಡಿ. 1568ರ ಸಿನಗಾಗ್ ತಪ್ಪಿಸಬೇಡಿ. ನೆಲದ ನೀಲಿ-ಬಿಳಿ ಹಂಚುಗಳು ಚೀನಾದಿಂದ ಬಂದವು, ಎಲ್ಲಾ ಕೈಯಲ್ಲೇ ಚಿತ್ರ ಬಿಡಿಸಿದ್ದು. ಚಪ್ಪಲಿ ಹೊರಗೆ ಬಿಡಬೇಕು, ಅಮ್ಮನಿಗೆ ಸುಲಭವಾಗಿ ಬಿಚ್ಚುವಂಥದ್ದೇ ಹಾಕಿಸಿ.

ಮಧ್ಯಾಹ್ನ ಬಿಸಿಲು, ಸೆಕೆ ಎರಡೂ ಜಾಸ್ತಿ. ಊಟವಾದ ಮೇಲೆ ರೂಮಿನಲ್ಲಿ ಮಲಗಿ, ನಾಲ್ಕು ಗಂಟೆಗೆ ಮತ್ತೆ ಹೊರಡಿ.